ಕುಸ್ತಿ ಕಣದ ಬದಿಯಲ್ಲಿ ನಟನಿಗೇನು ಕೆಲಸ?

ಪ್ರಶ್ನೆ: ನಾನು ಗದಗ-ಬೆಟಗೇರಿಯವನು, ವಯಸ್ಸು 41. ಕಂಪನಿ ನಾಟಕದಲ್ಲಿ ಬಣ್ಣ ಹಚ್ಚಲು ಶುರು ಮಾಡಿ, ಆಮೇಲೆ ಬೆಂಗಳೂರಿಗೆ ಹೋಗಿ, ಒಟ್ಟು ಹದಿನಾರು ವರ್ಷಗಳಿಂದ ನಟನೆಯಲ್ಲೇ ಇದ್ದೇನೆ. ಧಾರಾವಾಹಿಗಳಲ್ಲಿ ಪೋಷಕ ಪಾತ್ರ, ಸಿನಿಮಾಗಳಲ್ಲಿ ಸಣ್ಣಪುಟ್ಟ ಪಾತ್ರ. ನನ್ನ ಅಜ್ಜ ಪೈಲ್ವಾನರಾಗಿದ್ದರು. ಚಿಕ್ಕಂದಿನಲ್ಲಿ ಅವರ ಕೈ ಹಿಡಿದು ಗರಡಿ ಮನೆಗೆ ಹೋಗುತ್ತಿದ್ದೆ. ನಮ್ಮ ಭಾಗದ ಮಣ್ಣಿನ ಕುಸ್ತಿಯ ಬಗ್ಗೆ ಒಂದು ಸಾಕ್ಷ್ಯಚಿತ್ರ ಮಾಡಬೇಕು, ಮುಂದೆ ಕ್ರೀಡಾ ಸಾಕ್ಷ್ಯಚಿತ್ರಗಳ ನಿರ್ದೇಶನವನ್ನೇ ವೃತ್ತಿ ಮಾಡಿಕೊಳ್ಳಬೇಕು ಎಂದು ಮನಸ್ಸು ಹಟ ಹಿಡಿದಿದೆ. ಒಂಬತ್ತು ಲಕ್ಷ ರೂಪಾಯಿ ಉಳಿತಾಯವಿದೆ. ಊರಿನ ಮುಖಂಡರೊಬ್ಬರು ಹದಿನೈದು ಲಕ್ಷ ಕೊಡಲು ಸಿದ್ಧರಿದ್ದಾರೆ. ಕುಸ್ತಿಗೆ ಅವರ ಮನೆತನ ಮಾಡಿದ ಸೇವೆಯೂ ಚಿತ್ರದಲ್ಲಿ ಬರಬೇಕಂತೆ. ನಾನೇ ಪರದೆಯ ಮೇಲೆ ಬಂದು ಕಥೆ ಹೇಳಿದರೆ ಓಟಿಟಿಯವರು ಕಣ್ಣು ಮುಚ್ಚಿಕೊಂಡು ಕೊಳ್ಳುತ್ತಾರೆ ಎಂದು ಬೆಂಗಳೂರಿನ ಗೆಳೆಯರು ಹೇಳುತ್ತಾರೆ. ನಟನೆ ಬಿಡಬೇಕೆ? ನಿರ್ದೇಶನದ ಕೋರ್ಸ್ ಮಾಡಬೇಕೆ? ಒಳ್ಳೆಯ ಕ್ಯಾಮೆರಾ ಕೊಳ್ಳಬೇಕೆ? ಕ್ಯಾಮೆರಾಗೆ ಸಿಗದೆ ಹೋದ ಪಟ್ಟನ್ನು ಮತ್ತೊಮ್ಮೆ ಹಾಕಿಸಿ ಚಿತ್ರೀಕರಿಸಿದರೆ ತಪ್ಪೇ? ಮನೆಯವರು ಹೆದರಿದ್ದಾರೆ. ನಿಜ ಹೇಳಬೇಕೆಂದರೆ ನಾನೂ ಹೆದರಿದ್ದೇನೆ.

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಕೇಳಿದ್ದು ನಾಲ್ಕೈದು ಪ್ರಶ್ನೆ, ಒಳಗಿರುವ ಅಳುಕು ಮಾತ್ರ ಒಂದೇ ಎನ್ನಿಸಿತು. ಇಷ್ಟು ವರ್ಷ ಮುಖ ತೋರಿಸಿ ಅನ್ನ ಸಂಪಾದಿಸಿದವನು ಮುಖ ಮರೆಸಿಕೊಂಡು ಬದುಕಬಲ್ಲೆನೇ ಎಂಬ ಅಳುಕು. ಧಾರವಾಡದಲ್ಲಿ ಕುಳಿತು ಇಪ್ಪತ್ತೆರಡು ವರ್ಷಗಳಿಂದ ಸಾಕ್ಷ್ಯಚಿತ್ರಗಳನ್ನು ಸಂಕಲನ ಮಾಡುತ್ತಿದ್ದೇನೆ, ಕೆಲವನ್ನು ನಿರ್ದೇಶಿಸಿದ್ದೇನೆ. ನಟರು ಚಿತ್ರೀಕರಿಸಿಕೊಂಡು ತಂದ ದೃಶ್ಯಗಳೂ ನನ್ನ ಮೇಜಿಗೆ ಬಂದಿವೆ. ಅವುಗಳಲ್ಲಿ ಕೆಟ್ಟುಹೋದವು ಕ್ಯಾಮೆರಾದ ದೋಷದಿಂದ ಕೆಟ್ಟದ್ದು ಕಡಿಮೆ. ಹೆಚ್ಚಿನವು ನಿರ್ದೇಶಕ ಸುಮ್ಮನಿರಲಾರದೆ ಕೆಟ್ಟವು.

ನಟನಿಗೆ ಭಾವನೆಗಳ ಪರಿಚಯವಿರುತ್ತದೆ, ಆದ್ದರಿಂದ ನಿರ್ದೇಶನ ಸುಲಭ ಎಂಬ ಮಾತು ನಮ್ಮಲ್ಲಿ ಬಹಳ ಓಡಾಡುತ್ತದೆ. ಅರ್ಧ ನಿಜ. ನೀವು ತರುವ ಬಂಡವಾಳ ಸಣ್ಣದಲ್ಲ. ಒಬ್ಬ ಮನುಷ್ಯ ಯಾವಾಗ ಕ್ಯಾಮೆರಾಗಾಗಿ ಮಾತನಾಡುತ್ತಿದ್ದಾನೆ, ಯಾವಾಗ ಅದನ್ನು ಮರೆತು ಮಾತನಾಡುತ್ತಿದ್ದಾನೆ ಎಂಬುದು ನಿಮಗೆ ಅವನ ಉಸಿರಿನಲ್ಲೇ ತಿಳಿಯುತ್ತದೆ. ಬೆಳಿಗ್ಗೆ ಆರಕ್ಕೆ ಮೇಕಪ್ ಮಾಡಿಕೊಂಡು ಸಂಜೆ ನಾಲ್ಕಕ್ಕೆ ಒಂದು ಶಾಟ್ ಕೊಟ್ಟವರಿಗೆ ಕಾಯುವುದು ಹೊಸದಲ್ಲ. ಕಂಪನಿ ನಾಟಕ ಮಾಡಿದವರಿಗೆ ಜನಜಂಗುಳಿಯ ನಾಡಿ ಬೇರೆ ಗೊತ್ತಿರುತ್ತದೆ, ಜಾತ್ರೆಯ ಕುಸ್ತಿಗೆ ಅದು ಬೇಕೇ ಬೇಕು.

ಇನ್ನರ್ಧ ಕೇಳಿ. ಸೋತ ಹುಡುಗ ನೀರಿನ ತೊಟ್ಟಿಯ ಬಳಿ ಕುಳಿತು ಕಿವಿಯೊಳಗಿನ ಮಣ್ಣು ತೆಗೆದುಕೊಳ್ಳುತ್ತಿದ್ದಾನೆ. ಯಾರೂ ಮಾತನಾಡಿಸುತ್ತಿಲ್ಲ. ನಾನು ನೋಡಿದ ಒಬ್ಬ ನಟ-ನಿರ್ದೇಶಕರ ದೃಶ್ಯದಲ್ಲಿ ಇಪ್ಪತ್ತು ಸೆಕೆಂಡ್ ಕಳೆಯುವಷ್ಟರಲ್ಲಿ ಒಂದು ಕೈ ಚೌಕಟ್ಟಿನೊಳಗೆ ಬಂದು ಹುಡುಗನ ಹೆಗಲ ಮೇಲೆ ಕುಳಿತಿತು. ಹೇಗನ್ನಿಸುತ್ತಿದೆ ಎಂದು ಕೇಳಿದ ಧ್ವನಿಯೂ ಕೇಳಿಸಿತು. ಹುಡುಗ ತಕ್ಷಣ ಎದ್ದು ನಿಂತು, ಸೋಲು-ಗೆಲುವು ಸಹಜ ಸರ್ ಎಂದ. ಅಲ್ಲಿಗೆ ಮುಗಿಯಿತು, ಆ ದೃಶ್ಯವನ್ನು ನಾನು ಬಿಸಾಡಬೇಕಾಯಿತು. ರಂಗದ ಮೇಲೆ ಎದುರಿನ ಪಾತ್ರಧಾರಿ ಮಾತು ಮರೆತರೆ ತುಂಬಿಕೊಡುವುದು ಒಳ್ಳೆಯ ನಟನ ಲಕ್ಷಣ. ಅದೇ ಅಭ್ಯಾಸ ಇಲ್ಲಿ ಕುತ್ತಾಗುತ್ತದೆ.

ಇನ್ನೊಂದು ತೊಂದರೆ ನಿಮ್ಮ ಪರಿಚಿತ ಮುಖದ್ದು. ಗೆಳೆಯರು ಅದನ್ನು ಬಂಡವಾಳ ಎನ್ನುತ್ತಾರೆ. ಗರಡಿ ಮನೆಯ ಬಾಗಿಲು ಅದರಿಂದ ಬೇಗ ತೆರೆಯುವುದು ಹೌದು. ಆದರೆ ಧಾರಾವಾಹಿಯ ಮಾವ ಬಂದಿದ್ದಾರೆ ಎಂದು ಗೊತ್ತಾದ ಕ್ಷಣಕ್ಕೆ ಓಣಿಯ ಜನರೆಲ್ಲ ಸೆಲ್ಫಿಗೆ ನಿಲ್ಲುತ್ತಾರೆ, ಕುಸ್ತಿ ಕಲಿಸುವ ಗುರುಗಳಾದ ವಸ್ತಾದರು ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬರುತ್ತಾರೆ, ದಿನವೂ ಬೈಗುಳ ತಿನ್ನುವ ಹುಡುಗರು ಅಂದು ಹೊಗಳಿಕೆ ಕೇಳುತ್ತಾರೆ. ಇದಕ್ಕೆ ನನಗೆ ಗೊತ್ತಿರುವ ಮದ್ದು ಒಂದೇ: ಮೊದಲ ಹದಿನೈದು ದಿನ ಕ್ಯಾಮೆರಾ ಇಲ್ಲದೆ ನಸುಕಿನ ಐದು ಗಂಟೆಗೆ ಹೋಗಿ. ಮೂರು ದಿನ ನಿಮ್ಮನ್ನು ನೋಡುತ್ತಾರೆ. ನಾಲ್ಕನೆಯ ದಿನ ಕೈಗೆ ಸಲಿಕೆ ಕೊಟ್ಟು ಮಣ್ಣು ತಿರುವಲು ಹೇಳುತ್ತಾರೆ. ತಿರುವಿ. ಹತ್ತನೆಯ ದಿನದ ಹೊತ್ತಿಗೆ ನೀವು ಮೂಲೆಯ ಕಂಬದಷ್ಟೇ ಹಳಬರಾಗಿರುತ್ತೀರಿ. ಆಮೇಲೆ ಸಣ್ಣ ಕ್ಯಾಮೆರಾ ತನ್ನಿ.

ಪರದೆಯ ಮೇಲೆ ನೀವು ಕಾಣಿಸಿಕೊಳ್ಳಬೇಕೇ ಎಂಬುದಕ್ಕೂ ಉತ್ತರ ಇಲ್ಲೇ ಇದೆ. ಅಜ್ಜನ ಕಥೆಯನ್ನು ಮೊಮ್ಮಗ ಹುಡುಕುವ ಚಿತ್ರವಾದರೆ ನೀವಿರಬೇಕು, ಇಲ್ಲದಿದ್ದರೆ ಅದು ಕಳ್ಳತನದಂತೆ ಕಾಣುತ್ತದೆ. ಇಂದಿನ ಹುಡುಗರ ಚಿತ್ರವಾದರೆ ನಿಮ್ಮ ಮುಖ ಬೇಡ. ಎರಡನ್ನೂ ಕಲಸಿದರೆ ಪ್ರತಿ ಹತ್ತು ನಿಮಿಷಕ್ಕೊಮ್ಮೆ ಚಿತ್ರ ನಿಮ್ಮ ಕಡೆಗೆ ವಾಲುತ್ತದೆ, ಹುಡುಗರು ಹಿನ್ನೆಲೆಯಾಗುತ್ತಾರೆ.

ಈಗ ಮತ್ತೊಮ್ಮೆ ಪಟ್ಟು ಹಾಕಿಸುವ ವಿಷಯ. ನೀವು ಹೊರಟಿರುವ ದಾರಿಯಲ್ಲೇ ಬಹಳ ಹಿಂದೆ ನಡೆದ ಒಬ್ಬರಿದ್ದಾರೆ, ಜರ್ಮನಿಯ ಲೆನಿ ರೀಫೆನ್‌ಸ್ಟಾಲ್. ನರ್ತಕಿಯಾಗಿ, ಬಳಿಕ ನಟಿಯಾಗಿ ಹೆಸರು ಮಾಡಿ, ಆಮೇಲೆ ನಿರ್ದೇಶನಕ್ಕೆ ಇಳಿದವರು. 1936ರ ಬರ್ಲಿನ್ ಒಲಿಂಪಿಕ್ಸ್ ಕುರಿತು ಅವರು ಮಾಡಿದ ಎರಡು ಭಾಗಗಳ ಚಿತ್ರ 1938ರಲ್ಲಿ ತೆರೆಕಂಡಿತು. ಓಟದ ಹಾದಿಯ ಪಕ್ಕದಲ್ಲಿ ಹಳಿಯ ಮೇಲೆ ಓಡುವ ಕ್ಯಾಮೆರಾ, ಜಿಗಿಯುವವರನ್ನು ಆಕಾಶದ ಎದುರಿಗೆ ಹಿಡಿಯಲು ನೆಲದಲ್ಲಿ ತೋಡಿದ ಗುಂಡಿ, ನೀರಿನೊಳಗೆ ಕ್ಯಾಮೆರಾ, ಹೀಗೆ ಇಂದು ಟಿವಿಯಲ್ಲಿ ನಾವು ಲೆಕ್ಕಕ್ಕೇ ಇಟ್ಟುಕೊಳ್ಳದ ಎಷ್ಟೋ ಕೋನಗಳು ಅಲ್ಲಿವೆ. ಪೋಲ್‌ವಾಲ್ಟ್ ಸ್ಪರ್ಧೆ ಕತ್ತಲಾಗುವವರೆಗೂ ನಡೆದಿದ್ದರಿಂದ ಬೆಳಕು ಸಾಲದೆ, ಸ್ಪರ್ಧಿಗಳನ್ನು ಮತ್ತೆ ಕರೆಸಿ ಜಿಗಿಸಿ ಚಿತ್ರೀಕರಿಸಿದ್ದೂ ಅದರಲ್ಲಿದೆ. ಆದ್ದರಿಂದ ನಿಮ್ಮ ಆಸೆ ಹೊಸದಲ್ಲ.

ನನಗೂ ಬಂದಿತ್ತು. ನನ್ನ ಮೊದಲ ಚಿತ್ರ ಹಾವೇರಿ ಜಿಲ್ಲೆಯ ಒಂದು ಹಳ್ಳಿಯ ಕಬಡ್ಡಿ ತಂಡದ ಬಗ್ಗೆ. ಸಂಜೆಯ ಪಂದ್ಯದಲ್ಲಿ ಒಬ್ಬ ಹುಡುಗನ ಅದ್ಭುತವಾದ ದಾಳಿ ಕ್ಯಾಮೆರಾಗೆ ತಪ್ಪಿಹೋಯಿತು. ಮರುದಿನ ಬೆಳಿಗ್ಗೆ ಅದೇ ಅಂಗಳದಲ್ಲಿ ಮತ್ತೆ ಮಾಡಿಸಿ, ನಡುವೆ ಸೇರಿಸಿದೆ. ಸಂಕಲನದಲ್ಲಿ ನನಗೇ ನನ್ನ ಜಾಣತನದ ಬಗ್ಗೆ ಹೆಮ್ಮೆ. ಊರ ಶಾಲೆಯಲ್ಲಿ ತೋರಿಸಿದಾಗ ಆ ದೃಶ್ಯಕ್ಕೆ ಸರಿಯಾಗಿ ನಗು ಎದ್ದಿತು: ಪಂದ್ಯದಲ್ಲಿ ಮೂಡಣಕ್ಕೆ ಬಿದ್ದಿದ್ದ ನೆರಳು ಒಂದೇ ಕ್ಷಣದಲ್ಲಿ ಪಡುವಣಕ್ಕೆ ತಿರುಗಿತ್ತು. ಹೊಲದಲ್ಲಿ ನೆರಳು ನೋಡಿ ಹೊತ್ತು ಹೇಳುವ ಜನರಿಗೆ ಅದು ಕಾಣದೆ ಇರುತ್ತದೆಯೇ? ಆಮೇಲೆ ಅವರು ನಿಜವಾದ ದೃಶ್ಯಗಳನ್ನೂ ಅನುಮಾನದಿಂದಲೇ ನೋಡಿದರು.

ಹೀಗಾಗಿ ಸ್ಪರ್ಧೆಯ ಗಳಿಗೆಯನ್ನು ಮತ್ತೆ ಮಾಡಿಸಬೇಡಿ. ಪಟ್ಟಿನ ವಿವರ ತೋರಿಸಬೇಕೆಂದರೆ ಗರಡಿಯಲ್ಲಿ, ಅಭ್ಯಾಸದ ವೇಳೆಯಲ್ಲಿ, ವಸ್ತಾದರು ಕಲಿಸುತ್ತಿರುವಾಗಲೇ ಹಿಡಿಯಿರಿ. ಅದು ಕಲಿಕೆಯೆಂದು ನೋಡುವವರಿಗೂ ತಿಳಿದಿರುತ್ತದೆ, ಯಾರಿಗೂ ಮೋಸವಿಲ್ಲ. ತಪ್ಪಿಹೋದ ಗೆಲುವನ್ನು ಆ ಹೊತ್ತಿನ ಪ್ರೇಕ್ಷಕರ ಮುಖದ ಮೇಲೆ ತೋರಿಸಬಹುದು. ಹೆಚ್ಚಿನ ಸಲ ಅದೇ ಚೆನ್ನಾಗಿರುತ್ತದೆ.

ಮಣ್ಣಿನ ಕುಸ್ತಿ ಮತ್ತು ಮ್ಯಾಟ್ ಕುಸ್ತಿಯ ವ್ಯತ್ಯಾಸ ನಿಮಗೆ ಗೊತ್ತಿರುತ್ತದೆ, ಆದರೆ ಅದು ಚಿತ್ರೀಕರಣವನ್ನು ಹೇಗೆ ಬದಲಿಸುತ್ತದೆ ಎಂದು ಯೋಚಿಸಿದ್ದೀರಾ? ಮ್ಯಾಟ್ ಮೇಲೆ ಮೂರು ಮೂರು ನಿಮಿಷದ ಎರಡು ಸುತ್ತು, ಅಂಕಗಳ ಫಲಕ, ಫ್ರೀಸ್ಟೈಲ್‌ನಲ್ಲಿ ಹತ್ತು ಅಂಕದ ಅಂತರ ಬಂದರೆ ಅಲ್ಲಿಗೇ ಮುಕ್ತಾಯ. ಕಥೆಯ ಗಡಿಯಾರವನ್ನು ಆಟವೇ ಕೊಡುತ್ತದೆ. ಜಾತ್ರೆಯ ನಿಕಾಲಿ ಕುಸ್ತಿಗೆ ಗಡಿಯಾರವಿಲ್ಲ, ಅಂಕವಿಲ್ಲ. ಬೆನ್ನು ನೆಲಕ್ಕೆ ತಾಗಬೇಕು. ನಲವತ್ತು ಸೆಕೆಂಡಿಗೆ ಮುಗಿಯಬಹುದು. ಅರ್ಧ ಗಂಟೆ ಒಬ್ಬರ ಕತ್ತಿನ ಮೇಲೆ ಒಬ್ಬರು ಕೈಯಿಟ್ಟು ನಿಂತು, ಕೊನೆಗೆ ಹಿರಿಯರು ಸಮಬಲವೆಂದು ಬಿಡಿಸಬಹುದು. ಒಂದೇ ಕ್ಯಾಮೆರಾ ಹಿಡಿದು, ಈಗ ಆಗುತ್ತದೆ, ಈಗ ಆಗುತ್ತದೆ ಎಂದು ಒತ್ತುತ್ತಾ ಬಿಡುತ್ತಾ ಕುಳಿತರೆ ನಿರ್ಣಾಯಕ ಗಳಿಗೆಯಲ್ಲಿ ಬ್ಯಾಟರಿ ಬದಲಿಸುತ್ತಿರುತ್ತೀರಿ. ಎರಡು ಕ್ಯಾಮೆರಾ ಬೇಕು. ಒಂದು ಎತ್ತರದಲ್ಲಿ, ಇಡೀ ಕಣ ಕಾಣುವಂತೆ, ಆರಂಭದಿಂದ ಕೊನೆಯವರೆಗೆ ನಿಲ್ಲದೆ ಓಡಲಿ. ಇನ್ನೊಂದು ಕೈಯಲ್ಲಿರಲಿ, ಮತ್ತು ಅದು ಅರ್ಧ ಹೊತ್ತು ಕುಸ್ತಿಗೆ ಬೆನ್ನು ತಿರುಗಿಸಿರಲಿ. ಯಾಕೆಂದರೆ ಜೋಡಿ ಕಟ್ಟುವ ಮೂಲೆಯ ಜಗಳ, ಲಂಗೋಟಿ ಬಿಗಿದುಕೊಳ್ಳುತ್ತಾ ಎದುರಾಳಿಯನ್ನು ಕಡೆಗಣ್ಣಿನಿಂದ ಅಳೆಯುವ ಹುಡುಗ, ಗೆದ್ದವನಿಗೆ ಹತ್ತು-ಇಪ್ಪತ್ತರ ನೋಟು ಕೊಡುವ ಮುದುಕರು, ಇದೆಲ್ಲ ಕಣದ ಹೊರಗಿದೆ.

ಶಬ್ದದ ಬಗ್ಗೆ ಮಾತ್ರ ಸ್ವಲ್ಪ ಗಟ್ಟಿಯಾಗಿ ಹೇಳುತ್ತೇನೆ. ಕುಸ್ತಿಯ ಅರ್ಧ ಚಿತ್ರ ಶಬ್ದದಲ್ಲಿದೆ: ತೊಡೆ ತಟ್ಟಿದ ಸದ್ದು, ಮಣ್ಣಿಗೆ ಮೈ ಬಿದ್ದ ಸದ್ದು, ಪಟ್ಟು ಬಿಗಿಯಾದಂತೆ ಬಿರುಸಾಗುವ ಹಲಗೆ ವಾದ್ಯದ ಬಡಿತ. ಕ್ಯಾಮೆರಾದ ಮೇಲಿನ ಮೈಕ್ ಇವನ್ನೆಲ್ಲ ಕಲಸಿ ಗಂಜಿ ಮಾಡುತ್ತದೆ. ಒಬ್ಬ ಶಬ್ದಗ್ರಾಹಕ, ಪ್ರತ್ಯೇಕ ರೆಕಾರ್ಡರ್, ಗಾಳಿ ತಡೆಯುವ ಕವಚ, ಇವಕ್ಕೆ ಕ್ಯಾಮೆರಾಗಿಂತ ಮೊದಲು ಹಣ ಇಡಿ. ಜಾತ್ರೆಯ ಧ್ವನಿವರ್ಧಕದಲ್ಲಿ ಸಿನಿಮಾ ಹಾಡು ಮೊಳಗುತ್ತಿದ್ದರೆ ಅದು ನಿಮ್ಮ ಧ್ವನಿಪಟ್ಟಿಗೂ ಸೇರುತ್ತದೆ. ಮುಂದೆ ಚಿತ್ರ ಕೊಳ್ಳಲು ಬಂದವರು ಆ ಹಾಡಿನ ಹಕ್ಕು ಎಲ್ಲಿ ಎಂದು ಕೇಳುತ್ತಾರೆ. ಸಂಘಟಕರನ್ನು ಕಂಡು, ಮುಖ್ಯ ಜೋಡಿಗಳ ಹೊತ್ತಿಗಾದರೂ ಹಾಡು ನಿಲ್ಲಿಸಲು ಕೇಳಿಕೊಳ್ಳಿ. ಹಲಗೆ ಇದ್ದರೆ ಸಾಕು, ಅವರೂ ಒಪ್ಪುತ್ತಾರೆ.

ಕ್ಯಾಮೆರಾ ಕೊಳ್ಳಬೇಡಿ. ಹುಬ್ಬಳ್ಳಿಯಲ್ಲಿ ಮದುವೆ ಚಿತ್ರೀಕರಣ ಮಾಡುವವರ ಬಳಿ ನಿಮಗೆ ಬೇಕಾದ್ದಕ್ಕಿಂತ ಒಳ್ಳೆಯ ಉಪಕರಣಗಳಿವೆ. ಆಷಾಢದಲ್ಲಿ ಅವು ಕಪಾಟಿನಲ್ಲಿ ಮಲಗಿರುತ್ತವೆ, ಬಾಡಿಗೆಯೂ ಇಳಿದಿರುತ್ತದೆ. ಗರಡಿಯ ಒಳಗಿನ ದಿನಚರಿಯನ್ನು ಆಗ ಮುಗಿಸಿಕೊಳ್ಳಿ. ಬೇಸಿಗೆಯ ಜಾತ್ರೆ ಕುಸ್ತಿಗಳಿಗೆ ಮಾತ್ರ ತಿಂಗಳುಗಟ್ಟಲೆ ಮೊದಲೇ ಮಾತನಾಡಿಡಬೇಕು, ಏಕೆಂದರೆ ಲಗ್ನಸರಾಯಿಯೂ ಅದೇ ಹೊತ್ತಿಗೆ ಬರುತ್ತದೆ. ಬಾಡಿಗೆ ಕ್ಯಾಮೆರಾ ಕೈಗೆ ಬಂದ ತಕ್ಷಣ ಒಂದು ಪರೀಕ್ಷೆ ಮಾಡಿ: ಗರಡಿಯ ಟ್ಯೂಬ್‌ಲೈಟಿನ ಕೆಳಗೆ ಚಿತ್ರ ಮಿನುಗುತ್ತದೆಯೇ ನೋಡಿ. ನಮ್ಮ ವಿದ್ಯುತ್ 50 ಹರ್ಟ್ಸ್; ಹಳೆಯ ಟ್ಯೂಬ್‌ಲೈಟುಗಳು, ಅಗ್ಗದ ಎಲ್‌ಇಡಿಗಳು ಸೆಕೆಂಡಿಗೆ 100 ಸಲ ಮಿಣುಕುತ್ತವೆ. ಸೆಕೆಂಡಿಗೆ 25 ಚೌಕಟ್ಟು (ಫ್ರೇಮ್), ಶಟರ್ ವೇಗ 1/50 ಸೆಕೆಂಡ್ ಇಟ್ಟರೆ ಕಾಟ ತಪ್ಪುತ್ತದೆ. ನಿಧಾನಗತಿ ಬೇಕೆಂದರೆ 120 ಬಿಟ್ಟು 100 ಚೌಕಟ್ಟಿಗೆ, ಶಟರ್ 1/100ಕ್ಕೆ ಹೊಂದಿಸಿ. ರಾತ್ರಿ ಕುಸ್ತಿಯ ಇಡೀ ದೃಶ್ಯ ಈ ಒಂದು ಅಜಾಗ್ರತೆಯಿಂದ ಹಾಳಾಗಿ ಬಂದಿದ್ದನ್ನು ನೋಡಿದ್ದೇನೆ.

ಶೇಖರಣೆಯ ಲೆಕ್ಕವನ್ನು ಹೊಸಬರು ಯಾರೂ ಹಾಕುವುದಿಲ್ಲ. 4ಕೆ ದೃಶ್ಯವನ್ನು ಸೆಕೆಂಡಿಗೆ 100 ಮೆಗಾಬಿಟ್ ದರದಲ್ಲಿ ದಾಖಲಿಸಿದರೆ ಗಂಟೆಗೆ 45 ಜಿಬಿ. ಒಂದು ಋತುವಿನಲ್ಲಿ ನೂರು ಗಂಟೆ ಸುಲಭವಾಗಿ ಆಗುತ್ತದೆ, ಅಂದರೆ 4.5 ಟಿಬಿ. ಎರಡು ಪ್ರತಿ ಎರಡು ಬೇರೆ ಮನೆಗಳಲ್ಲಿರಬೇಕು.

ನಿಮ್ಮ ಒಂಬತ್ತು ಲಕ್ಷದಲ್ಲಿ ಮೂರನ್ನು ಮನೆಯವರ ಹೆಸರಿನಲ್ಲಿ ಇಟ್ಟು ಮರೆತುಬಿಡಿ. ಉಳಿದ ಆರರಲ್ಲಿ ಅರ್ಧವನ್ನು ಚಿತ್ರೀಕರಣಕ್ಕೆ ಮುಟ್ಟಬೇಡಿ. ಸಂಕಲನ, ಶಬ್ದ, ವರ್ಣ ಹೊಂದಿಕೆ, ಉಪಶೀರ್ಷಿಕೆಗಳಿಗೆ ಅದು ಬೇಕಾಗುತ್ತದೆ. ಚಿತ್ರೀಕರಣ ಮುಗಿಯುವ ದಿನ ಹಣವೂ ಮುಗಿದು, ಹಾರ್ಡ್ ಡಿಸ್ಕ್‌ನಲ್ಲೇ ಸತ್ತುಹೋದ ಚಿತ್ರಗಳು ನಮ್ಮ ಹುಬ್ಬಳ್ಳಿ-ಧಾರವಾಡದಲ್ಲೇ ಎಷ್ಟೋ ಇವೆ.

ಮುಖಂಡರ ಹದಿನೈದು ಲಕ್ಷದ ಬಗ್ಗೆ ನಿಮಗೆ ಉತ್ತರ ಗೊತ್ತಿದೆ, ನನ್ನ ಬಾಯಿಂದ ಕೇಳಬೇಕಾಗಿದೆ ಅಷ್ಟೆ. ರೀಫೆನ್‌ಸ್ಟಾಲ್ ಅವರ ಚಿತ್ರದ ಹಿಂದೆ ಇದ್ದದ್ದು ನಾಜಿ ಸರ್ಕಾರದ ಹಣ. 2003ರಲ್ಲಿ, 101ನೆಯ ವಯಸ್ಸಿನಲ್ಲಿ ತೀರಿಕೊಳ್ಳುವವರೆಗೂ ಆ ಪ್ರಶ್ನೆ ಅವರ ಬೆನ್ನು ಬಿಡಲಿಲ್ಲ. ಊರಿನ ಮುಖಂಡರನ್ನು ನಾಜಿಗಳಿಗೆ ಹೋಲಿಸುವುದು ಅತಿಯಾಯಿತು, ಒಪ್ಪುತ್ತೇನೆ. ಆದರೆ ಮನೆತನದ ಸೇವೆ ಎಂದರೆ ಎಷ್ಟು ನಿಮಿಷ, ಅದನ್ನು ಯಾರು ನಿರ್ಧರಿಸುತ್ತಾರೆ, ಚುನಾವಣೆ ಹತ್ತಿರ ಬಂದರೆ ಚಿತ್ರವನ್ನು ಎಲ್ಲಿ ತೋರಿಸುತ್ತಾರೆ, ಇವಕ್ಕೆ ಬರಹದಲ್ಲಿ ಉತ್ತರ ಸಿಗದಿದ್ದರೆ ಕೈ ಮುಗಿದು ಬನ್ನಿ. ಸಂಕಲನದ ಕೊನೆಯ ಮಾತು ನಿಮ್ಮದೇ, ಕೊನೆಯಲ್ಲಿ ಒಂದು ಸಾಲಿನ ಕೃತಜ್ಞತೆ ಮಾತ್ರ ಎಂದು ಕರಾರು ಬರೆದುಕೊಟ್ಟರೆ ತೆಗೆದುಕೊಳ್ಳಬಹುದು. ಹಾಗೆ ಬರೆದುಕೊಡುವವರು ಅಪರೂಪ. ಐದೈದು ಸಾವಿರದಂತೆ ಹಳೆಯ ಪೈಲ್ವಾನರ ಮಕ್ಕಳು, ಊರ ವ್ಯಾಪಾರಿಗಳು ಕೊಡುವ ಹಣ ನಿಧಾನವಾಗಿ ಬರುತ್ತದೆ, ಆದರೆ ಅದರಲ್ಲಿ ಯಾರೊಬ್ಬರ ತೂಕವೂ ಹೆಚ್ಚಿರುವುದಿಲ್ಲ.

ಓಟಿಟಿಯವರು ಕಣ್ಣು ಮುಚ್ಚಿಕೊಂಡು ಕೊಳ್ಳುತ್ತಾರೆ ಎಂಬುದು ಕಟ್ಟುಕಥೆ. ಅವರು ಕಣ್ಣು ಅಗಲಿಸಿ ಓದುವುದು ಕಾಗದಪತ್ರಗಳನ್ನು. ಪ್ರತಿಯೊಬ್ಬ ಪಾತ್ರಧಾರಿಯ ಸಹಿ, ಸ್ಪರ್ಧೆ ನಡೆಸಿದ ಸಂಸ್ಥೆಯ ಅನುಮತಿ, ಹಳೆಯ ದೃಶ್ಯ ಮತ್ತು ಫೋಟೋಗಳ ಹಕ್ಕು. ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಪ್ರಸಾರ ಸಂಸ್ಥೆಗೆ ತನ್ನ ಪ್ರಸಾರದ ಮೇಲೆ 25 ವರ್ಷ, ಸಿನಿಮಾಗಳಿಗೆ 60 ವರ್ಷ, ಛಾಯಾಚಿತ್ರಗಳಿಗೆ ಛಾಯಾಗ್ರಾಹಕರ ಜೀವಿತಾವಧಿ ಮತ್ತು ಅವರು ತೀರಿಕೊಂಡ ಮೇಲೆ 60 ವರ್ಷ ಹಕ್ಕಿರುತ್ತದೆ. ಯೂಟ್ಯೂಬಿನಲ್ಲಿ ಸಿಕ್ಕಿತು ಎಂಬುದು ಅನುಮತಿಯಲ್ಲ. ಸಣ್ಣ ಚಿತ್ರಗಳ ಸಹಜ ದಾರಿ ಚಿತ್ರೋತ್ಸವಗಳದು: ಮುಂಬೈಯಲ್ಲಿ ಎರಡು ವರ್ಷಕ್ಕೊಮ್ಮೆ ನಡೆಯುವ ಅಂತರರಾಷ್ಟ್ರೀಯ ಉತ್ಸವ, ತಿರುವನಂತಪುರದ ಸಾಕ್ಷ್ಯಚಿತ್ರ ಮತ್ತು ಕಿರುಚಿತ್ರ ಉತ್ಸವ. ಚಿತ್ರಮಂದಿರದಲ್ಲಿ ಸಾರ್ವಜನಿಕವಾಗಿ ತೋರಿಸಬೇಕೆಂದರೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯಂತೆ ಸಾಕ್ಷ್ಯಚಿತ್ರಕ್ಕೂ ಪ್ರಮಾಣಪತ್ರ ಬೇಕು ಎಂಬುದು ನೆನಪಿರಲಿ.

ಗರಡಿಯ ಹುಡುಗರಲ್ಲಿ ಹೆಚ್ಚಿನವರು ಹದಿನೆಂಟರೊಳಗಿನವರು. ತಂದೆ-ತಾಯಿಯ ಲಿಖಿತ ಒಪ್ಪಿಗೆ ಇಲ್ಲದೆ ಕ್ಯಾಮೆರಾ ತೆರೆಯಬೇಡಿ, ಮತ್ತು ಒಪ್ಪಿಗೆಪತ್ರ ಕನ್ನಡದಲ್ಲಿರಲಿ. ಕ್ರೀಡಾ ವಸತಿ ನಿಲಯವಾದರೆ ಇಲಾಖೆಯ ಅನುಮತಿಯೂ ಬೇಕು. ಹುಡುಗಿಯರ ಅಭ್ಯಾಸ ಚಿತ್ರೀಕರಿಸುವಾಗ ತಂಡದಲ್ಲಿ ಮಹಿಳೆಯೊಬ್ಬರು ಇರಲೇಬೇಕು. 2023ರಲ್ಲಿ ದೆಹಲಿಯ ಜಂತರ್ ಮಂತರ್‌ನಲ್ಲಿ ಮಹಿಳಾ ಕುಸ್ತಿಪಟುಗಳು ಧರಣಿ ಕುಳಿತದ್ದನ್ನು ಹಳ್ಳಿಯ ತಾಯಂದಿರೂ ಟಿವಿಯಲ್ಲಿ ನೋಡಿದ್ದಾರೆ. ಅವರು ಪ್ರಶ್ನೆ ಕೇಳುತ್ತಾರೆ, ಕೇಳಲಿ.

ಕ್ರೀಡಾ ಸಾಕ್ಷ್ಯಚಿತ್ರಕ್ಕೆ ಗೆಲುವಿನ ಕೊನೆ ಬೇಕೇ ಬೇಕು ಎಂಬ ನಂಬಿಕೆಯನ್ನೂ ಇಟ್ಟುಕೊಳ್ಳಬೇಡಿ. 1964ರ ಟೋಕಿಯೊ ಒಲಿಂಪಿಕ್ಸ್ ಚಿತ್ರಿಸಿದ ಕೊನ್ ಇಚಿಕಾವ, ಆಗಷ್ಟೇ ಸ್ವತಂತ್ರವಾಗಿದ್ದ ಚಾಡ್ ದೇಶದಿಂದ ಬಂದು ಪದಕವಿಲ್ಲದೆ ಮರಳಿದ ಒಬ್ಬ ಓಟಗಾರನ ಹಿಂದೆ ಹೋದರು. ಸಂಘಟಕರಿಗೆ ಚಿತ್ರ ಹಿಡಿಸಲಿಲ್ಲ. ಇಂದಿಗೂ ಮಾತನಾಡುವುದು ಅದರ ಬಗ್ಗೆಯೇ. ನಿಮ್ಮ ಊರಿನದೇ ಉದಾಹರಣೆ ಬೇಕೆಂದರೆ ಕ್ರಿಕೆಟಿಗ ಸುನಿಲ್ ಜೋಶಿ ಇದ್ದಾರೆ. 1999ರಲ್ಲಿ ನೈರೋಬಿಯಲ್ಲಿ ದಕ್ಷಿಣ ಆಫ್ರಿಕದ ವಿರುದ್ಧ 10 ಓವರ್, 6 ಮೇಡನ್, 6 ರನ್, 5 ವಿಕೆಟ್. ಅಂಕಿ ಅಷ್ಟೇ. ನಾನು ಚಿತ್ರ ಮಾಡುವುದಾದರೆ, ನಸುಕಿನಲ್ಲೆದ್ದು ಗದಗಿನಿಂದ ಹುಬ್ಬಳ್ಳಿಗೆ ಹೋಗಿ ಅಭ್ಯಾಸ ಮಾಡಿ, ಶಾಲೆಯ ಹೊತ್ತಿಗೆ ಮರಳುತ್ತಿದ್ದ ಆ ಹುಡುಗನ ಪ್ರಯಾಣದಿಂದ ಶುರು ಮಾಡುತ್ತೇನೆ.

ನಟನೆ ಬಿಡಬೇಡಿ. ಬೇಂದ್ರೆಯವರ ಕುರಿತು 1972ರಲ್ಲಿ ಸಾಕ್ಷ್ಯಚಿತ್ರ ನಿರ್ದೇಶಿಸಿದ ಗಿರೀಶ ಕಾರ್ನಾಡರು ಆ ಮೇಲೂ ದಶಕಗಳ ಕಾಲ ನಟಿಸಿದರು. ಒಂದು ಇನ್ನೊಂದಕ್ಕೆ ಅಡ್ಡಿಯಾಗಲಿಲ್ಲ. ತಿಂಗಳಿಗೆ ಹತ್ತು ದಿನದ ಧಾರಾವಾಹಿ ಒಪ್ಪಿಕೊಳ್ಳಿ, ಉಳಿದದ್ದನ್ನು ಗರಡಿಗೆ ಕೊಡಿ. ಸಾಕ್ಷ್ಯಚಿತ್ರ ನಿರ್ದೇಶನವೊಂದರಿಂದಲೇ ಮನೆ ನಡೆಸುವವರು ನಮ್ಮ ಭಾಗದಲ್ಲಿ ನನಗೆ ತಿಳಿದಂತೆ ಬೆರಳೆಣಿಕೆ. ಅವರಲ್ಲಿ ಹಲವರು ಮದುವೆ, ಸಂಸ್ಥೆಗಳ ಪ್ರಚಾರ ಚಿತ್ರ, ತರಗತಿ ಎಂದು ಬೇರೆ ಕೆಲಸಗಳನ್ನೂ ಮಾಡುತ್ತಾರೆ. ನಾನೂ ಮಾಡುತ್ತೇನೆ.

ಕೋರ್ಸ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಪುಣೆಯ ಚಲನಚಿತ್ರ ಮತ್ತು ಟಿವಿ ಸಂಸ್ಥೆಯ (ಎಫ್‌ಟಿಐಐ) ಅಲ್ಪಾವಧಿ ತರಗತಿಗಳು ಒಳ್ಳೆಯವು, ಹೋಗುವ ಅನುಕೂಲವಿದ್ದರೆ ಹೋಗಿ. ಅದಕ್ಕಿಂತ ಹೆಚ್ಚು ಕಲಿಸುವುದು ಸಂಕಲನಕಾರರೊಬ್ಬರ ಪಕ್ಕದಲ್ಲಿ ಒಂದು ತಿಂಗಳು ಬಾಯಿ ಮುಚ್ಚಿಕೊಂಡು ಕೂರುವುದು. ಬೇರೆಯವರ ದೃಶ್ಯದಲ್ಲಿ ಏನು ಸಾಲಲಿಲ್ಲ ಎಂದು ನೋಡಿದವರಿಗೆ ತಮ್ಮದರಲ್ಲಿ ಏನು ಬೇಕು ಎಂಬುದು ತಾನಾಗಿ ಗೊತ್ತಾಗುತ್ತದೆ.

ಮೊದಲು ಇಡೀ ಕುಸ್ತಿಯ ಇತಿಹಾಸಕ್ಕೆ ಕೈ ಹಾಕಬೇಡಿ. ಒಂದು ಗರಡಿ, ಒಬ್ಬ ವಸ್ತಾದರು, ಇಬ್ಬರು ಹುಡುಗರು, ಒಂದು ಜಾತ್ರೆ. ಹನ್ನೆರಡು ನಿಮಿಷದ ಚಿತ್ರ ಮಾಡಿ. ಚೆನ್ನಾಗಿ ಬರದಿದ್ದರೆ ಹೋದದ್ದು ಒಂದು ಲಕ್ಷದೊಳಗೆ, ಒಂದು ಬೇಸಿಗೆ. ಚೆನ್ನಾಗಿ ಬಂದರೆ ದೊಡ್ಡ ಚಿತ್ರಕ್ಕೆ ಹಣ ಕೇಳುವಾಗ ಮುಖಕ್ಕೆ ಬದಲು ಅದನ್ನು ತೋರಿಸಬಹುದು. ಮೊದಲ ಹತ್ತು ಗಂಟೆಯ ದೃಶ್ಯ ಆದ ಕೂಡಲೇ ಧಾರವಾಡಕ್ಕೆ ಬನ್ನಿ, ಒಟ್ಟಿಗೆ ಕೂತು ನೋಡೋಣ. ಅದರಲ್ಲಿ ನಿಮ್ಮ ಧ್ವನಿ ಎಷ್ಟು ಸಲ ಕೇಳಿಸುತ್ತದೆ ಎಂದು ಮೊದಲು ಎಣಿಸುತ್ತೇನೆ.